ಡಿಪ್ಲೊಕಾಲಸ್: ಅಷ್ಟು ಅಗಲದ ತಲೆ ಯಾಕೆ ಬೇಕಿತ್ತು?

ಬಹಳ ಹಿಂದೆ ಅಳಿದುಹೋದ ಡಿಪ್ಲೊಕಾಲಸ್ ಎಂಬ ಉಭಯಚರದ ಬಗ್ಗೆ ಓದುವಾಗ ಕಣ್ಣು ಮೊದಲು ಹೋಗುವುದೇ ಅದರ ತಲೆಯ ಮೇಲೆ. ಬೂಮರಾಂಗ್ ಆಕಾರದ ಚಪ್ಪಟೆ ತಲೆ, ಎರಡೂ ಪಕ್ಕಕ್ಕೆ ಚಾಚಿದ ಕೊಂಬು. ಹೆಸರು, ಕಾಲ, ಜಾಗ ಬಾಯಿಪಾಠ ಮಾಡುವುದು ಸುಲಭ. ಆ ಕೊಂಬು ಏನು ಕೆಲಸಕ್ಕೆ ಬರುತ್ತಿತ್ತು ಎಂದು ಬರೀ ಮೂಳೆ ನೋಡಿ ಹೇಳುವುದು ಕಷ್ಟ. ಹಾಗಾಗಿ ಇಲ್ಲಿ ಅದಕ್ಕೇ ಜಾಸ್ತಿ ಜಾಗ.

ಬಾಯಿಪಾಠದ ಭಾಗ ಇಷ್ಟು. ಅಮೆರಿಕದ ಪಳೆಯುಳಿಕೆ ತಜ್ಞ ಎಡ್ವರ್ಡ್ ಡ್ರಿಂಕರ್ ಕೋಪ್ 1877ರಲ್ಲಿ ಇದಕ್ಕೆ ಹೆಸರಿಟ್ಟರು. ಆಗ ಅವರ ಕೈಯಲ್ಲಿದ್ದದ್ದು ಇಲಿನಾಯ್‌ನಲ್ಲಿ ಸಿಕ್ಕ ಬೆನ್ನುಮೂಳೆಯ ತುಂಡುಗಳು. 1882ರಲ್ಲಿ ಟೆಕ್ಸಾಸ್‌ನ ಕೆಂಪು ಕಲ್ಲಿನ ಪದರಗಳಿಂದ ಬಂದ ಇನ್ನೊಂದು ಪ್ರಭೇದವನ್ನು ಡಿಪ್ಲೊಕಾಲಸ್ ಮ್ಯಾಗ್ನಿಕಾರ್ನಿಸ್ ಎಂದು ಕರೆದರು. ಪುಸ್ತಕಗಳ ಚಿತ್ರದಲ್ಲಿರುವುದು ಸಾಮಾನ್ಯವಾಗಿ ಇದೇ. ಉದ್ದ ಸುಮಾರು 1 ಮೀಟರ್. ಕಾಲ ಕಾರ್ಬೊನಿಫೆರಸ್ ಅವಧಿಯ ಕೊನೆಯಿಂದ ಪರ್ಮಿಯನ್ ಅವಧಿಯವರೆಗೆ, ಅಂದರೆ ಸುಮಾರು 30 ಕೋಟಿಯಿಂದ 26 ಕೋಟಿ ವರ್ಷಗಳ ಹಿಂದೆ. ಡೈನೋಸಾರ್‌ಗಳ ಪಟ್ಟಿಗೆ ಸೇರಿಸಬೇಡಿ. ಅವು ಬರುವ ಕೋಟಿಗಟ್ಟಲೆ ವರ್ಷ ಮೊದಲೇ ಇದು ಅಳಿದುಹೋಗಿತ್ತು.

ಈಗ ತಲೆಗೆ ಬರೋಣ. ಕೊಂಬು ಎಂದರೆ ಜಿಂಕೆಯ ಕೊಂಬಿನಂತೆ ತಲೆಯ ಮೇಲೆ ಬೆಳೆದದ್ದಲ್ಲ. ತಲೆಬುರುಡೆಯ ಹಿಂಭಾಗದ ಮೂಳೆಗಳೇ, ಮುಖ್ಯವಾಗಿ ಟ್ಯಾಬ್ಯುಲರ್ ಎಂಬ ಮೂಳೆ, ಪಕ್ಕಕ್ಕೂ ಹಿಂದಕ್ಕೂ ಉದ್ದವಾಗಿದ್ದವು. ಕಣ್ಣುಗಳು ತಲೆಯ ಮೇಲ್ಭಾಗದಲ್ಲಿ, ಮೂತಿಯ ಹತ್ತಿರ. ಅಷ್ಟು ದೊಡ್ಡ ತಲೆಗೆ ಬಾಯಿ ಮಾತ್ರ ಚಿಕ್ಕದು. ಕಾಲುಗಳೂ ಸಣ್ಣವು. ನೀರಿನ ತಳದಲ್ಲಿ ಬದುಕುತ್ತಿದ್ದ ಪ್ರಾಣಿ ಎನ್ನಲು ಇವೆಲ್ಲ ಸುಳಿವು.

ಇನ್ನೊಂದು ಮುಖ್ಯ ಸಂಗತಿ: ಮರಿಗಳಿಗೆ ಈ ಕೊಂಬು ಇಷ್ಟು ಉದ್ದ ಇರಲಿಲ್ಲ. ಚಿಕ್ಕ ಬುರುಡೆಯಿಂದ ದೊಡ್ಡದರವರೆಗೆ ಸಾಲಾಗಿ ಇಟ್ಟು ನೋಡಿದರೆ, ದೇಹ ಬೆಳೆದಂತೆ ತಲೆ ಅಗಲವಾಗುತ್ತಾ ಹೋಗುವುದು ಕಾಣುತ್ತದೆ. ಒಂದೇ ಒಂದು ಬುರುಡೆ ಸಿಕ್ಕಿದ್ದರೆ ಇದು ಗೊತ್ತಾಗುತ್ತಲೇ ಇರಲಿಲ್ಲ, ಅಲ್ವಾ?

ಕೊಂಬಿನ ಕೆಲಸದ ಬಗ್ಗೆ ಹೆಚ್ಚು ಚರ್ಚೆಯಾದ ಉತ್ತರ 1980ರಲ್ಲಿ ಬಂತು. ಕ್ರುಕ್‌ಶ್ಯಾಂಕ್ ಮತ್ತು ಸ್ಕ್ಯೂಸ್ ಎಂಬ ಸಂಶೋಧಕರು ತಲೆಯ ಮಾದರಿ ಮಾಡಿ ಗಾಳಿ ಸುರಂಗದಲ್ಲಿ, ಅಂದರೆ ಜೋರಾಗಿ ಗಾಳಿ ಹಾಯಿಸಿ ಬಲ ಅಳೆಯುವ ಕೊಳವೆಯಲ್ಲಿ, ಇಟ್ಟು ಪರೀಕ್ಷಿಸಿದರು. ಅದು ವಿಮಾನದ ರೆಕ್ಕೆಯ ಹಾಗೆ ಮೇಲಕ್ಕೆ ಎತ್ತುವ ಬಲ ಹುಟ್ಟಿಸುತ್ತದೆ ಎಂದು ಕಂಡಿತು. ಹರಿಯುವ ನೀರಿನ ತಳದಲ್ಲಿ ಕೂತ ಪ್ರಾಣಿ ತಲೆಯ ಓರೆಯನ್ನು ಸ್ವಲ್ಪ ಬದಲಿಸಿದರೆ ಸಾಕು, ಹರಿವೇ ಅದನ್ನು ಬೇಗ ಮೇಲೆತ್ತುತ್ತದೆ. ನನಗೆ ಇದು ಇಷ್ಟವಾಗುವುದು ಅಳೆದು ನೋಡಿದ್ದಾರೆ ಎಂಬ ಕಾರಣಕ್ಕೆ. ಆದರೂ ಒಂದು ಎಚ್ಚರ ಬೇಕು. ತಲೆ ಹೀಗೆ ಕೆಲಸ ಮಾಡಬಲ್ಲದು ಎಂದು ತೋರಿಸುವುದು ಬೇರೆ, ಅದಕ್ಕಾಗಿಯೇ ತಲೆ ಹೀಗಾಯಿತು ಎನ್ನುವುದು ಬೇರೆ.

ಬೇಟೆಗಾರರಿಗೆ ನುಂಗಲು ಕಷ್ಟವಾಗಲಿ ಎಂದು ಅಗಲ ತಲೆ ಬಂತು ಎಂಬ ವಾದವೂ ಇದೆ. ಇದು ಅಷ್ಟು ಗಟ್ಟಿ ಅಲ್ಲ. ಟೆಕ್ಸಾಸ್‌ನಲ್ಲಿ ಸಿಕ್ಕ ಪುರಾವೆ ನೋಡಿದರೆ ಡೈಮೆಟ್ರೊಡಾನ್ ಎಂಬ ದೊಡ್ಡ ಬೇಟೆಗಾರ ಪ್ರಾಣಿ ಇವನ್ನು ತಿನ್ನುತ್ತಿತ್ತು. ಕೊಂಬು ಸ್ವಲ್ಪ ತೊಂದರೆ ಕೊಟ್ಟಿರಬಹುದು, ಪೂರ್ತಿ ರಕ್ಷಣೆಯಂತೂ ಕೊಡಲಿಲ್ಲ.

ರೆಕ್ಕೆಯ ವಾದಕ್ಕೆ ದೊಡ್ಡ ಸವಾಲು ಮೊರಾಕೊದಿಂದ ಬಂದಿದೆ. ಅಲ್ಲಿನ ಡಿಪ್ಲೊಕಾಲಸ್ ಮಿನಿಮಸ್ ಎಂಬ ಪ್ರಭೇದದ ಎಡ ಕೊಂಬು ಉದ್ದವಾಗಿ ಚೂಪಾಗಿದೆ, ಬಲ ಕೊಂಬು ಗಿಡ್ಡವಾಗಿ ದುಂಡಗಿದೆ. ಕಲ್ಲಿನ ಭಾರಕ್ಕೆ ನಜ್ಜುಗುಜ್ಜಾದದ್ದು ಎಂದು ತಳ್ಳಿಹಾಕಲು ಆಗುವುದಿಲ್ಲ, ಏಕೆಂದರೆ ಒಂದಕ್ಕಿಂತ ಹೆಚ್ಚು ಬುರುಡೆಗಳಲ್ಲಿ ಇದೇ ರೀತಿ ಇದೆ. ಎರಡು ಪಕ್ಕ ಸಮ ಇಲ್ಲದಿದ್ದರೆ ನೀರಿನ ಒತ್ತಡವೂ ಎರಡು ಕಡೆ ಸಮ ಇರದು. ಸಮ ಕೊಂಬಿನ ಮಾದರಿಯಲ್ಲಿ ಸಿಕ್ಕ ಫಲಿತಾಂಶವನ್ನು ಈ ಪ್ರಭೇದಕ್ಕೆ ಹಾಗೇ ಅಂಟಿಸುವ ಹಾಗಿಲ್ಲ.