ಇನ್ನೂರು ವರ್ಷ ಬದುಕುವ ಗಿಲ್ಡಾ

ಎಂ.ಎ. ತರಗತಿಯಲ್ಲಿ ಅಮೆರಿಕದ ಕಪ್ಪು ಲೇಖಕಿ ಜುವೆಲ್ ಗೋಮೆಜ್ ಅವರ ‘ದಿ ಗಿಲ್ಡಾ ಸ್ಟೋರೀಸ್’ ಕಾದಂಬರಿ ಕೈಗೆತ್ತಿಕೊಂಡಾಗಲೆಲ್ಲ ವಿದ್ಯಾರ್ಥಿಗಳು ಕೇಳುವ ಪ್ರಶ್ನೆ ಒಂದಿದೆ. ಕಪ್ಪು ಹೆಣ್ಣುಮಕ್ಕಳ ನೋವನ್ನು ನೇರವಾಗಿ ಬರೆಯಬಹುದಿತ್ತಲ್ಲ, ನಡುವೆ ರಕ್ತ ಕುಡಿಯುವ ವ್ಯಾಂಪೈರ್ ಯಾಕೆ ಬೇಕಿತ್ತು?

ನೇರವಾಗಿ ಬರೆಯುವುದಕ್ಕೆ ದಾಖಲೆ ಬೇಕಲ್ಲ. 1850ರ ಅಮೆರಿಕದ ಜನಗಣತಿಯಲ್ಲಿ ಗುಲಾಮರಿಗೆಂದೇ ಬೇರೆ ಪಟ್ಟಿಯಿತ್ತು. ಮೇಲೆ ಒಡೆಯನ ಹೆಸರು, ಕೆಳಗೆ ಗುಲಾಮರ ವಯಸ್ಸು, ಲಿಂಗ, ಮೈಬಣ್ಣ. ಅವರ ಹೆಸರನ್ನು ಬಹುಪಾಲು ಬರೆಯಲೇ ಇಲ್ಲ. ಹೆಸರನ್ನೇ ಬರೆಯದ ಕಡೆ ಹೆಣ್ಣೊಬ್ಬಳು ಇನ್ನೊಬ್ಬ ಹೆಣ್ಣನ್ನು ಪ್ರೀತಿಸಿದ ಸಂಗತಿ ಎಲ್ಲಿ ಸಿಗಬೇಕು? ಗೋಮೆಜ್ ಕಾದಂಬರಿ ಶುರುವಾಗುವುದೂ 1850ರಲ್ಲೇ, ಲೂಸಿಯಾನಾದಲ್ಲಿ. ತೋಟದಿಂದ ಓಡಿಬಂದ ನಾಯಕಿಗೆ ಅಲ್ಲೂ ಹೆಸರಿಲ್ಲ, ಬರೀ ‘ಹುಡುಗಿ’. ಮೈಮೇಲೆ ಬಿದ್ದ ಬಿಳಿಯನನ್ನು ಚಾಕುವಿನಿಂದ ಇರಿದು ಉಳಿದವಳು. ವೇಶ್ಯಾಗೃಹ ನಡೆಸುವ ಗಿಲ್ಡಾ ಎಂಬ ವ್ಯಾಂಪೈರ್ ಅವಳಿಗೆ ಆಸರೆ ಕೊಡುತ್ತಾಳೆ. ಗಿಲ್ಡಾಳ ಸಂಗಾತಿ, ಅಮೆರಿಕದ ಮೂಲನಿವಾಸಿ ಲಕೋಟಾ ಜನಾಂಗದ ಬರ್ಡ್, ಓದು ಕಲಿಸುತ್ತಾಳೆ. ಬದುಕು ಸಾಕಾದ ಗಿಲ್ಡಾ ತನ್ನ ದೀರ್ಘಾಯುಷ್ಯವನ್ನು ಹುಡುಗಿಗೆ ಕೊಟ್ಟು ಸಾವನ್ನು ಆರಿಸಿಕೊಂಡ ಮೇಲೆ, ಆ ಹೆಸರೂ ಇವಳದಾಗುತ್ತದೆ.

ಕಲ್ಪಿತ ಲೋಕದ ಕಥೆ ಓದುವಾಗ ಆ ಲೋಕದ ಕಟ್ಟಳೆ ಏನು, ಅದನ್ನು ಮಾಡಿದವರು ಯಾರು ಎಂದು ಮೊದಲು ಹುಡುಕಿ ಎಂದು ನಾನು ಹೇಳುತ್ತೇನೆ. ಬ್ರಾಮ್ ಸ್ಟೋಕರ್ 1897ರ ಕಾದಂಬರಿಯ ವ್ಯಾಂಪೈರ್ ಡ್ರಾಕುಲಾಗೆ ಕಸಿದುಕೊಳ್ಳುವುದಷ್ಟೇ ಗೊತ್ತು. ಗುಲಾಮಗಿರಿಯೂ ಹಾಗೆಯೇ ದುಡಿಮೆ, ಮೈ, ಮಕ್ಕಳು ಎಲ್ಲವನ್ನೂ ಕಸಿಯಿತು. ಗಿಲ್ಡಾಳ ಬಳಗದ ಕಟ್ಟಳೆ ಬೇರೆ. ರಕ್ತ ಬೇಕಾದಷ್ಟೇ ತೆಗೆದುಕೊಳ್ಳಬೇಕು, ಕೊಲ್ಲಬಾರದು. ಮಲಗಿದವರ ಮನಸ್ಸಿನೊಳಗೆ ಹೊಕ್ಕು ಅವರಿಗೆ ಏನು ಬೇಕೆಂದು ತಿಳಿದು, ಬದಲಿಗೆ ಒಂದು ಕನಸನ್ನೋ ಧೈರ್ಯವನ್ನೋ ಇಟ್ಟು ಬರಬೇಕು. ಎಲ್ಲವನ್ನೂ ಕಳೆದುಕೊಂಡವಳ ಕೈಗೆ ಕೊಡು-ಕೊಳ್ಳುವ ನ್ಯಾಯವನ್ನು ಒಪ್ಪಿಸಿದ್ದು ಗೋಮೆಜ್ ಅವರ ದೊಡ್ಡ ಸಾಧನೆ ಎಂದು ನಾನು ನಂಬಿದ್ದೇನೆ.

ವ್ಯಾಂಪೈರ್ ಬೇಕಾದದ್ದಕ್ಕೆ ಇನ್ನೊಂದು ಕಾರಣ, ಕಾಲ. ಮಾರಾಟದಲ್ಲಿ ತಾಯಿ ಒಂದು ಕಡೆ, ಮಗು ಒಂದು ಕಡೆ ಆದ ಸಮುದಾಯದಲ್ಲಿ ಅಜ್ಜಿಯ ನೆನಪು ಮೊಮ್ಮಗಳಿಗೆ ತಲುಪುವುದೇ ಕಷ್ಟ. ಕಾದಂಬರಿ 2050ರವರೆಗೆ ಸಾಗುತ್ತದೆ. ಅಷ್ಟು ಉದ್ದಕ್ಕೂ ಗಿಲ್ಡಾ ಪಶ್ಚಿಮ ಆಫ್ರಿಕಾದ ಫುಲಾನಿ ಜನಾಂಗದ ತನ್ನ ತಾಯಿಯ ನೆನಪು ಬಿಡುವುದಿಲ್ಲ.

ಕಪ್ಪು ಕವಯಿತ್ರಿ ಆಡ್ರೆ ಲಾರ್ಡ್ ಅವರ ಪ್ರೋತ್ಸಾಹ ಪಡೆದ ಈ ಕೃತಿಯನ್ನು 1991ರಲ್ಲಿ ತಂದದ್ದು ಫೈರ್‌ಬ್ರ್ಯಾಂಡ್ ಬುಕ್ಸ್ ಎಂಬ ಸಣ್ಣ ಸ್ತ್ರೀವಾದಿ ಪ್ರಕಾಶನ. ಲೈಂಗಿಕ ಅಲ್ಪಸಂಖ್ಯಾತರ ಸಾಹಿತ್ಯಕ್ಕೆ ಕೊಡುವ ಎರಡು ಲ್ಯಾಂಬ್ಡಾ ಪ್ರಶಸ್ತಿಗಳೂ ಬಂದವು. ಇದಾದ ಮೇಲೆಯೇ ವಿಮರ್ಶಕ ಮಾರ್ಕ್ ಡೆರಿ ‘ಆಫ್ರೋಫ್ಯೂಚರಿಸಂ’ (ಕಪ್ಪು ಜನರ ಬದುಕನ್ನು ಭವಿಷ್ಯ, ವಿಜ್ಞಾನ ಕಲ್ಪನೆಯ ಮೂಲಕ ನೋಡುವ ಬಗೆ) ಪದ ಚಾಲ್ತಿಗೆ ತಂದ ಲೇಖನದಲ್ಲಿ, ಕಪ್ಪು ಲೇಖಕರು ವಿಜ್ಞಾನ ಕಥೆ ಬರೆಯುವುದು ಇಷ್ಟು ಕಡಿಮೆ ಯಾಕೆ ಎಂದು ಕೇಳಿದ್ದು. ಆ ಪ್ರಶ್ನೆ ಓದಿದಾಗ ನನಗೆ ಈಗಲೂ ಬೇಸರವಾಗುತ್ತದೆ. ಅಂದಹಾಗೆ, ವಿಜ್ಞಾನ ಕಥೆ ಬರೆದ ಇನ್ನೊಬ್ಬ ಕಪ್ಪು ಲೇಖಕಿ ಆಕ್ಟೇವಿಯಾ ಬಟ್ಲರ್ ಅವರನ್ನೂ ಲೆಸ್ಬಿಯನ್ ಲೇಖಕಿಯರ ಸಾಲಿಗೆ ಸೇರಿಸುವ ವಿದ್ಯಾರ್ಥಿಗಳಿದ್ದಾರೆ. ಬಟ್ಲರ್ ತಮ್ಮನ್ನು ಹಾಗೆ ಗುರುತಿಸಿಕೊಂಡವರಲ್ಲ; ಗೋಮೆಜ್ ಗುರುತಿಸಿಕೊಂಡವರು. ಅವರವರ ಮಾತಿಗೆ ಬೆಲೆ ಕೊಡೋಣ.

ಪೂರ್ತಿ ಓದಲು ಸಮಯವಿಲ್ಲದವರು 1955ರ ಬಾಸ್ಟನ್ ಅಧ್ಯಾಯದಿಂದ ಶುರುಮಾಡಿ. ಅಲ್ಲಿ ಗಿಲ್ಡಾ ಬ್ಯೂಟಿ ಪಾರ್ಲರ್ ಇಟ್ಟಿದ್ದಾಳೆ. ಹೆಣ್ಣುಮಕ್ಕಳನ್ನು ದಂಧೆಗೆ ಇಳಿಸಿ ಹಿಡಿತದಲ್ಲಿಟ್ಟುಕೊಂಡ ಫಾಕ್ಸ್ ಕೂಡ ಅವಳಂತೆಯೇ ವ್ಯಾಂಪೈರ್. ಕೊಲ್ಲಬಾರದೆಂಬ ಕಟ್ಟಳೆಯನ್ನು ಇಂಥವನ ಎದುರು ಎಷ್ಟರವರೆಗೆ ಪಾಲಿಸಬೇಕು ಎಂಬ ಪ್ರಶ್ನೆಯನ್ನು ಗಿಲ್ಡಾ ಎದುರಿಸುವುದು ಅಲ್ಲೇ.