ಉಪ್ಪಿನ ಹರಳೊಳಗೆ ಸಿಕ್ಕಿಬಿದ್ದ ನೀರು

ಚಿಕ್ಕವನಿದ್ದಾಗ ಜ್ವರ ಬಂದು ಮೂರು ದಿನಕ್ಕೂ ಬಿಡದಿದ್ದರೆ ಆಯಿ, ಅಂದರೆ ನನ್ನ ಅಮ್ಮ, ಒಂದು ಮುಷ್ಟಿ ಹರಳುಪ್ಪು, ಎರಡು ಒಣಮೆಣಸು ಹಿಡಿದು ನನ್ನ ತಲೆಯಿಂದ ಕಾಲಿನವರೆಗೆ ಮೂರು ಸಲ ನಿವಾಳಿಸಿ ಒಲೆಗೆ ಹಾಕುತ್ತಿದ್ದಳು. ಉಪ್ಪು ಚಟಪಟ ಸಿಡಿಯುತ್ತಿತ್ತು. ಸದ್ದು ಜೋರಾದಷ್ಟೂ ತಾಗಿದ ದೃಷ್ಟಿ ದೊಡ್ಡದು ಎಂದು ಲೆಕ್ಕ. "ನೋಡು, ಎಂಥಾ ಕಣ್ಣು ಬಿದ್ದಿತ್ತು!" ಎಂದು ಆಯಿ ನಿಟ್ಟುಸಿರು ಬಿಟ್ಟರೆ ನನಗೂ ಅರ್ಧ ಜ್ವರ ಬಿಟ್ಟ ಹಾಗಾಗುತ್ತಿತ್ತು.

ಈಚೆಗೆ ಶಿರಸಿಯ ಮನೆಗೆ ಬಂದ ಅಕ್ಕನ ಮಗಳು ಇದೇ ಶಾಸ್ತ್ರ ನೋಡಿದಳು. ಆವತ್ತು ಮನೆಯಲ್ಲಿ ಹರಳುಪ್ಪು ಮುಗಿದಿತ್ತು. ಪ್ಯಾಕೆಟ್ಟಿನ ಪುಡಿ ಉಪ್ಪನ್ನೇ ಕೆಂಡಕ್ಕೆ ಹಾಕಿದರು. ಸದ್ದೇ ಇಲ್ಲ. "ಮಾವ, ದೃಷ್ಟಿ ಇರೋದು ಮನುಷ್ಯರಲ್ಲೋ, ಉಪ್ಪಿನಲ್ಲೋ?" ಎಂದು ಕೇಳಿದಳು. ಒಂಬತ್ತನೇ ಕ್ಲಾಸಿನ ಹುಡುಗಿ. ಇದಕ್ಕಿಂತ ಒಳ್ಳೆಯ ಪ್ರಶ್ನೆಯನ್ನು ನಾನು ಈ ವರ್ಷ ಕೇಳಿಲ್ಲ. ಉತ್ತರ ಮನೆಯಲ್ಲಿಲ್ಲ, ಉಪ್ಪು ಬೆಳೆಯುವ ಸಾಣಿಕಟ್ಟಾದಲ್ಲಿದೆ ಎಂದು ಭಾನುವಾರ ಬೆಳಗಿನ ಜಾವ ಅವಳನ್ನು ಕರೆದುಕೊಂಡು ದೇವಿಮನೆ ಘಟ್ಟ ಇಳಿದೆ.

ಅಘನಾಶಿನಿ ನಮ್ಮೂರ ಹೊಳೆ. ಶಿರಸಿಯ ಶಂಕರಹೊಂಡವೂ ಅದರ ಮೂಲಗಳಲ್ಲೊಂದು ಎನ್ನುತ್ತಾರೆ. ಎಲ್ಲೂ ಅಣೆಕಟ್ಟಿಗೆ ತಡೆದು ನಿಲ್ಲದೆ ಘಟ್ಟ ಇಳಿದು, ಕುಮಟಾ ತಾಲೂಕಿನಲ್ಲಿ ಅಗಲವಾಗಿ ಹರಡಿ, ತದಡಿ ಮತ್ತು ಅಘನಾಶಿನಿ ಊರುಗಳ ನಡುವೆ ಸಮುದ್ರ ಸೇರುತ್ತದೆ. 2024ರಲ್ಲಿ ಈ ಅಳಿವೆ ಜೌಗು ಪ್ರದೇಶಗಳ ಅಂತರರಾಷ್ಟ್ರೀಯ ಪಟ್ಟಿಗೆ ಸೇರಿ ರಾಮ್ಸಾರ್ ತಾಣವಾಯಿತು. ಬೆಳಿಗ್ಗೆ ದೋಣಿಯಲ್ಲಿ ಹಿನ್ನೀರಿನ ಒಂದು ಕುರ್ವೆಯನ್ನು, ಅಂದರೆ ನಡುಗಡ್ಡೆಯನ್ನು, ಸುತ್ತಿದೆವು. ಇಳಿತದ ಹೊತ್ತು. ಸೊಂಟದವರೆಗಿನ ನೀರಲ್ಲಿ ನಿಂತು ಹೆಂಗಸರು ಬಳಚು ಎಂಬ ಚಿಪ್ಪುಜೀವಿ ಹೆಕ್ಕುತ್ತಿದ್ದರು. ಮಳೆಗಾಲದಲ್ಲಿ ಇಲ್ಲಿ ಬಾಯಿಗೆ ಸಿಹಿ ಎನಿಸುವಷ್ಟು ಹೊಳೆನೀರು ತುಂಬುತ್ತದೆ, ಗಜನಿ ಎನ್ನುವ ಹಿನ್ನೀರಿನ ಗದ್ದೆಗಳಲ್ಲಿ ಉಪ್ಪು ತಾಳುವ ಕಗ್ಗ ಭತ್ತ ಬೆಳೆಯುತ್ತದೆ. ಮಳೆ ನಿಂತು ಹೊಳೆ ಸೊರಗಿದಾಗ ಸಮುದ್ರವೇ ಒಳಗೆ ಬರುತ್ತದೆ. ಅದೇ ಉಪ್ಪಿನವರ ಕಾಲ.

ಮಾದನಗೇರಿಯಿಂದ ಗೋಕರ್ಣಕ್ಕೆ ಹೋಗುವ ರಸ್ತೆಯಲ್ಲಿ ಸಾಣಿಕಟ್ಟಾದ ಆಗರ ಇದ್ದಕ್ಕಿದ್ದಂತೆ ತೆರೆದುಕೊಳ್ಳುತ್ತದೆ. ಕನ್ನಡದಲ್ಲಿ ಆಗರ ಎಂದರೆ ಉಪ್ಪು ಬೆಳೆಯುವ ಜಾಗವೂ ಹೌದು, ಭಂಡಾರವೂ ಹೌದು. ಈ ಕೆಲಸವನ್ನೇ ತಲೆತಲಾಂತರದಿಂದ ಮಾಡಿದ ಆಗೇರರ ಹೆಸರಲ್ಲೂ ಅದೇ ಶಬ್ದವಿದೆ. ಉಪ್ಪನ್ನು "ಮಾಡುವುದು" ಎನ್ನದೆ "ಬೆಳೆಯುವುದು" ಎನ್ನುತ್ತಾರೆ. ಅದು ಬರೀ ಮಾತಿನ ಅಲಂಕಾರವಲ್ಲ, ರಸಾಯನಶಾಸ್ತ್ರಕ್ಕೂ ಒಪ್ಪುವ ಮಾತು.

ಸಮುದ್ರದ ನೀರನ್ನು ಒಣಗಿಸಿದರೆ ಉಪ್ಪು ಸಿಗುತ್ತದೆ ಎಂದು ಶಾಲೆಯಲ್ಲಿ ಕಲಿಸುತ್ತಾರೆ. ಇದು ತಪ್ಪು. ಪೂರ್ತಿ ಒಣಗಿಸಿದರೆ ಸಿಗುವುದು ಬಾಯಿಗಿಡಲಾಗದ ಕಹಿ ಗಂಟು. ಒಂದು ಲೀಟರ್ ಕಡಲ ನೀರಲ್ಲಿ ಸುಮಾರು 35 ಗ್ರಾಂ ಲವಣಗಳಿವೆ. ಅದರಲ್ಲಿ ನಾವು ಉಪ್ಪು ಎನ್ನುವ ಸೋಡಿಯಂ ಕ್ಲೋರೈಡ್ ಸುಮಾರು 27 ಗ್ರಾಂ. ಉಳಿದದ್ದು ಮೆಗ್ನೀಸಿಯಂ, ಕ್ಯಾಲ್ಸಿಯಂ, ಪೊಟ್ಯಾಸಿಯಂಗಳ ಬಳಗ. ಈ ಬಳಗದಿಂದ ಉಪ್ಪೊಂದನ್ನೇ ಹೇಗೆ ಬೇರೆ ಮಾಡುವುದು? ಜರಡಿ ಇಲ್ಲ, ಯಂತ್ರ ಇಲ್ಲ. ಇರುವುದು ಬಿಸಿಲು, ಗಾಳಿ, ಮಣ್ಣಿನ ಬದು ಮತ್ತು ತಾಳ್ಮೆ.

1849ರಲ್ಲಿ ಉಸಿಗ್ಲಿಯೋ ಎಂಬ ರಸಾಯನಶಾಸ್ತ್ರಜ್ಞ ಮೆಡಿಟರೇನಿಯನ್ ಸಮುದ್ರದ ನೀರನ್ನು ನಿಧಾನವಾಗಿ ಆವಿಯಾಗಿಸುತ್ತ, ಯಾವ ಹಂತದಲ್ಲಿ ಯಾವುದು ತಳ ಸೇರುತ್ತದೆ ಎಂದು ತೂಗಿ ಬರೆದಿಟ್ಟ. ಒಂದು ಲೀಟರ್ ನೀರು ಹೆಚ್ಚುಕಮ್ಮಿ ಅರ್ಧಕ್ಕೆ ಇಳಿದಾಗ ಮೊದಲು ಸುಣ್ಣದ ಅಂಶ. ಸುಮಾರು 190 ಮಿಲಿಲೀಟರ್ ಉಳಿದಾಗ ಜಿಪ್ಸಂ. ಉಪ್ಪು ಬರುವುದು ಬರೀ 95 ಮಿಲಿಲೀಟರ್ ಉಳಿದ ಮೇಲೆ! 40ಕ್ಕೆ ಇಳಿಯುವಷ್ಟರಲ್ಲಿ ಉಪ್ಪಿನ ಬಹುಪಾಲು ಹೊರಬಂದಿರುತ್ತದೆ, ಅಲ್ಲಿಂದಾಚೆ ಕಹಿಯ ಸರದಿ.

ಇದನ್ನು ಹುಡುಗಿಗೆ ಹೇಗೆ ಹೇಳುವುದು? ಮದುವೆಮನೆಯ ಊಟದ ಪಂಕ್ತಿ ಅಂದುಕೋ ಎಂದೆ. ನೀರು ಚಪ್ಪರ. ಚಪ್ಪರ ಚಿಕ್ಕದಾಗುತ್ತ ಹೋದ ಹಾಗೆ ಒಬ್ಬೊಬ್ಬರೇ ಏಳಬೇಕು. ಆದರೆ ಏಳುವ ಸರದಿ ಎಷ್ಟು ಜನ ಬಂದಿದ್ದಾರೆ ಎನ್ನುವುದರ ಮೇಲೆ ಮಾತ್ರ ನಿಂತಿಲ್ಲ, ಚಪ್ಪರಕ್ಕೂ ಅವರಿಗೂ ಎಷ್ಟು ನಂಟು ಎನ್ನುವುದರ ಮೇಲೂ ನಿಂತಿದೆ. ಒಂದು ಲೀಟರ್ ಶುದ್ಧ ನೀರು ಜಿಪ್ಸಂಗೆ ಕೊಡುವ ಜಾಗ ಎರಡು ಗ್ರಾಮಿಗಿಂತ ತುಸು ಹೆಚ್ಚು. ಉಪ್ಪಿಗೆ ಕೊಡುವುದು 360 ಗ್ರಾಂ. ಹಾಗಾಗಿ ದೂರದ ನೆಂಟ ಜಿಪ್ಸಂ ಬೇಗ ಏಳುತ್ತದೆ, ಉಪ್ಪು ಎರಡನೇ ಪಂಕ್ತಿಯವರೆಗೂ ಕೂತಿರುತ್ತದೆ. ಮೆಗ್ನೀಸಿಯಂ ಮನೆಯವರ ಹಾಗೆ, ದೀಪ ಆರಿಸುವವರೆಗೂ ಎದ್ದು ಹೋಗುವುದಿಲ್ಲ. ಅವಳಿಗೆ ಪಂಕ್ತಿಗಿಂತ ಆಲೆಮನೆ ಹಿಡಿಸಿತು. ಜೋನಿಬೆಲ್ಲದ ಪಾಕ ನೋಡುವವನು ಕೊಪ್ಪರಿಗೆಯನ್ನು ಯಾವಾಗ ಇಳಿಸಬೇಕೆಂದು ತಿಳಿದಿರಬೇಕು. ಒಂದು ಗಳಿಗೆ ತಡವಾದರೂ ಕೆಟ್ಟಿತು. ಆಗರವೂ ಹಾಗೆಯೇ, ಬೆಂಕಿಯ ಬದಲು ಸೂರ್ಯ, ಗಳಿಗೆಯ ಬದಲು ದಿನಗಳು.

ಕಣ್ಣೆದುರೇ ಇತ್ತು. ಉಬ್ಬರದ ನೀರನ್ನು ತೂಬಿನಿಂದ ದೊಡ್ಡ ಕಟ್ಟೆಗೆ ಬಿಡುತ್ತಾರೆ. ಅಲ್ಲಿ ಕಾದು ಗಟ್ಟಿಯಾದ ನೀರು ಮುಂದಿನದಕ್ಕೆ, ಅಲ್ಲಿಂದ ಇನ್ನೂ ಮುಂದಿನದಕ್ಕೆ. ಬೇಡದ್ದು ಹಿಂದಿನ ಕಟ್ಟೆಗಳಲ್ಲೇ ತಳ ಹಿಡಿಯುತ್ತದೆ. ಕೊನೆಗೆ ತುಳಿದು ತುಳಿದು ಅಂಗಳದಂತೆ ನಯಮಾಡಿದ ಸಣ್ಣ ಪಾತಿಗಳಲ್ಲಿ ಉಪ್ಪು ಕೂರುತ್ತದೆ. ನೀರಿನ ಗಟ್ಟಿತನ ಅಳೆಯಲು 1768ರಲ್ಲಿ ಫ್ರಾನ್ಸಿನ ಔಷಧಿಕಾರ ಆಂತ್ವಾನ್ ಬೋಮೆ ಒಂದು ಮಾಪಕ ಮಾಡಿದ. ಕಡಲ ನೀರು ಅದರಲ್ಲಿ ಸುಮಾರು 3 ಡಿಗ್ರಿ, ಉಪ್ಪು ಬೀಳುವುದು 25ರ ಸುಮಾರಿಗೆ, 29-30 ತಲುಪುವ ಮೊದಲು ಉಳಿದ ನೀರನ್ನು ಚೆಲ್ಲಬೇಕು.

ಪಾತಿಯ ಬದುವಿನ ಮೇಲೆ ಕೂತಿದ್ದ ಹಿರಿಯರೊಬ್ಬರನ್ನು "ಅಜ್ಜ, ಚೆಲ್ಲೋ ಹೊತ್ತು ಹೇಗೆ ಗೊತ್ತಾಗ್ತದೆ?" ಎಂದು ಕೇಳಿದೆ. ಅವರು ಮಾತಾಡಲಿಲ್ಲ. ನೀರಲ್ಲಿ ಎರಡು ಬೆರಳು ಅದ್ದಿ ಉಜ್ಜಿ, ನಮಗೂ ಹಾಗೇ ಮಾಡಲು ಸನ್ನೆ ಮಾಡಿದರು. ಎಣ್ಣೆ ಸವರಿದ ಹಾಗೆ ಜಾರುತ್ತಿತ್ತು. "ಇನ್ನು ಇಟ್ರೆ ಕಹಿ ಆಗ್ತದೆ ತಮಾ," ಎಂದರು.

ಇಲ್ಲಿ ನನಗೆ ನಿಜಕ್ಕೂ ಬೇಸರ ತರುವ ಒಂದು ವಿಷಯ ಹೇಳಬೇಕು. ಕಡಲುಪ್ಪಿನಲ್ಲಿ ಎಲ್ಲ ಖನಿಜಗಳೂ ಇವೆ, ಸೈಂಧವದಲ್ಲಿ 84 ಇವೆ, ಅದನ್ನು ತಿಂದರೆ ಬಿಪಿ ಬರುವುದಿಲ್ಲ ಎಂಬ ಸಂದೇಶಗಳು ದಿನಾ ವಾಟ್ಸಾಪಿನಲ್ಲಿ ಹರಿದಾಡುತ್ತವೆ. ಆ ಅಜ್ಜ ಬಿಸಿಲಲ್ಲಿ ಬೆನ್ನು ಸುಟ್ಟುಕೊಂಡು ಹೊರಗೆ ಚೆಲ್ಲುತ್ತಿರುವುದೇ ಆ ಖನಿಜಗಳನ್ನು! ಒಳ್ಳೆಯ ಉಪ್ಪು ಎಂದರೆ ಅವು ಕಡಿಮೆ ಇರುವ ಉಪ್ಪು. ಏಕಾದಶಿಗೆ ನಮ್ಮ ಮನೆಗಳಲ್ಲಿ ಸಮುದ್ರದ ಉಪ್ಪು ನಿಷಿದ್ಧ, ಸೈಂಧವ ಆಗುತ್ತದೆ. ಆದರೆ ಸೈಂಧವವೂ ಸಮುದ್ರದ್ದೇ. 50 ಕೋಟಿ ವರ್ಷಗಳಿಗೂ ಹಿಂದೆ ಒಣಗಿದ ಒಂದು ಕಡಲು ಈಗಿನ ಪಾಕಿಸ್ತಾನದ ಖೇವ್ರಾದಲ್ಲಿ ಬಿಟ್ಟುಹೋದ ಆಗರ ಅದು. ಗುಲಾಬಿ ಬಣ್ಣ ಕಬ್ಬಿಣದ ತುಕ್ಕಿನದು. ಉಳಿದದ್ದು ಬಹುಪಾಲು ಅದೇ ಸೋಡಿಯಂ ಕ್ಲೋರೈಡ್, ರಕ್ತದೊತ್ತಡಕ್ಕೆ ಅದರ ಕುಲಗೋತ್ರ ಬೇಕಾಗಿಲ್ಲ.

ಸಮುದ್ರದಿಂದ ಬಂದ ಉಪ್ಪಿನಲ್ಲಿ ಅಯೋಡಿನ್ ತಾನಾಗಿಯೇ ಇರುತ್ತದೆ ಎಂಬುದು ಇನ್ನೊಂದು ನಂಬಿಕೆ. ಲೆಕ್ಕ ಹಾಕಿ ನೋಡಿ. ಒಂದು ಲೀಟರ್ ಕಡಲ ನೀರಲ್ಲಿ ಅಯೋಡಿನ್ ಸುಮಾರು 60 ಮೈಕ್ರೋಗ್ರಾಂ. ದೊಡ್ಡವರಿಗೆ ದಿನಕ್ಕೆ ಬೇಕಾದದ್ದು 150. ಒಂದಿಷ್ಟೂ ಕಳೆದುಹೋಗದೆ ಪೂರ್ತಿ ಉಪ್ಪಿಗೇ ಬಂದರೂ ಎರಡೂವರೆ ಲೀಟರ್ ನೀರಿನ ಉಪ್ಪು, ಅಂದರೆ ಸುಮಾರು 67 ಗ್ರಾಂ, ತಿನ್ನಬೇಕು. ವಿಶ್ವ ಆರೋಗ್ಯ ಸಂಸ್ಥೆ ಹೇಳುವ ಮಿತಿ ದಿನಕ್ಕೆ 5 ಗ್ರಾಮಿಗಿಂತ ಕಡಿಮೆ. ನಿಜದಲ್ಲಿ ಅಯೋಡಿನ್ ಬಹುಮಟ್ಟಿಗೆ ಆ ಕಹಿ ನೀರಿನ ಜೊತೆಗೇ ಹೋಗುತ್ತದೆ. ಅದಕ್ಕೇ ಹೊರಗಿನಿಂದ ಬೆರೆಸಬೇಕು. ಮಕ್ಕಳು, ಬಸುರಿಯರು ಇರುವ ಮನೆಯಲ್ಲಿ ಅಯೋಡಿನ್ ಇಲ್ಲದ ಉಪ್ಪನ್ನೇ ಹಿರಿಮೆ ಎಂದು ಬಳಸಬೇಡಿ, ದಯವಿಟ್ಟು. ಗಳಗಂಡ ಬಹುಮಟ್ಟಿಗೆ ಹಳೆಯ ಕಾಲದ ಕಥೆಯಾಗಿರುವುದು ಅಯೋಡಿನ್ ಬೆರೆಸಿದ ಉಪ್ಪಿನಿಂದಲೇ.

ದಂಡಿಯಲ್ಲಿ ಗಾಂಧೀಜಿ ಉಪ್ಪೆತ್ತಿದ್ದು 1930ರ ಏಪ್ರಿಲ್ 6ಕ್ಕೆ. ಒಂದೇ ವಾರಕ್ಕೆ, 13ರಂದು, ಇಲ್ಲಿಂದ ಸ್ವಲ್ಪ ಉತ್ತರಕ್ಕಿರುವ ಅಂಕೋಲೆಯಲ್ಲಿ ಎಂ. ಪಿ. ನಾಡಕರ್ಣಿಯವರ ಮುಂದಾಳತ್ವದಲ್ಲಿ ಜನ ಕಾನೂನು ಮುರಿದರು. ಆಗರದ ಬದುವಿನ ಮೇಲೆ ನಿಂತಾಗಲೆಲ್ಲ ನನಗೆ ಇದು ನೆನಪಾಗುತ್ತದೆ: ಹೊಳೆಯ ಬಾಯಲ್ಲಿ ಕಣ್ಣಿಗೆ ಕಾಣುವಂತೆ ತಾನಾಗಿ ಮೂಡುವ ಹರಳಿಗೆ ಸರ್ಕಾರವೊಂದು ಕರ ಹಾಕಿತ್ತು.

ಹುಡುಗಿಯ ಪ್ರಶ್ನೆಗೆ ಇನ್ನೂ ಉತ್ತರ ಸಿಕ್ಕಿರಲಿಲ್ಲ. ಮಧ್ಯಾಹ್ನ ಎರಡರ ಹೊತ್ತಿಗೆ, ಗಾಳಿ ಒಂದಿಷ್ಟು ನಿಂತಾಗ, ಅವಳೇ ಕಂಡುಹಿಡಿದಳು. ಪಾತಿಯ ನೀರಿನ ಮೇಲೆ ಏನೋ ತೇಲುತ್ತಿತ್ತು. ಉಗುರಿನ ತುದಿಯಲ್ಲಿ ಎತ್ತಿಕೊಂಡಳು. ಅಕ್ಕಿಕಾಳಿನಷ್ಟಗಲದ ಒಂದು ಚೌಕ. ಬಾಗಿ ನೋಡಿದರೆ ಚೌಕದೊಳಗೆ ಚೌಕ, ಅದರೊಳಗೆ ಇನ್ನೂ ಚಿಕ್ಕ ಚೌಕ, ಮೆಟ್ಟಿಲು ಮೆಟ್ಟಿಲಾಗಿ ಕೆಳಗಿಳಿಯುವ ಪುಷ್ಕರಣಿಯ ಹಾಗೆ.

ಉಪ್ಪಿನ ಹರಳು ನೀರಿನ ಮೇಲ್ಮೈಯಲ್ಲೇ ಹುಟ್ಟುತ್ತದೆ, ಆವಿಯಾಗುವುದು ಅಲ್ಲೇ ತಾನೆ. ಅದು ಉಪ್ಪುನೀರಿಗಿಂತ ಭಾರ, ಆದರೂ ನೀರಿನ ಮೇಲ್ಮೈ ಸೆಳೆತ ಅದನ್ನು ನೀರುನೊಣವನ್ನು ಹಿಡಿದ ಹಾಗೆ ಹಿಡಿದಿರುತ್ತದೆ. ಬೆಳೆದಂತೆ ತುಸು ಮುಳುಗುತ್ತದೆ. ಆಗ ಹೊಸ ಉಪ್ಪು ಅಂಟಿಕೊಳ್ಳುವುದು ಮೇಲಿನ ಅಂಚಿಗೆ ಮಾತ್ರ. ಇನ್ನೊಂದು ಮೆಟ್ಟಿಲು. ಮತ್ತೆ ಮುಳುಗು, ಮತ್ತೆ ಮೆಟ್ಟಿಲು. ಚೌಕವೇ ಏಕೆ ಎಂದರೆ ಒಳಗೆ ಸೋಡಿಯಂ ಮತ್ತು ಕ್ಲೋರಿನ್ ಚದುರಂಗದ ಮನೆಗಳಂತೆ ಒಂದು ಬಿಟ್ಟು ಒಂದು ಕೂತಿವೆ. ವಿಜ್ಞಾನಿಗಳಾದ ಬ್ರಾಗ್ ತಂದೆ-ಮಗ 1913ರ ಸುಮಾರಿಗೆ ಎಕ್ಸ್-ರೇ ಹಾಯಿಸಿ ಇದನ್ನು ತೋರಿಸಿದಾಗ ಹಿರಿಯ ರಸಾಯನಶಾಸ್ತ್ರಜ್ಞರೆಲ್ಲ ಕೂಡಲೇ ಒಪ್ಪಲಿಲ್ಲ. 1927ರಲ್ಲಿ ಕೂಡ ಆರ್ಮ್‌ಸ್ಟ್ರಾಂಗ್ ಎಂಬಾತ ಈ ಚದುರಂಗದ ವಿರುದ್ಧ ಸಿಟ್ಟಿನಿಂದ ಬರೆದಿದ್ದ.

ಅಂಚು ಬೇಗ ಬೆಳೆಯುತ್ತದೆ, ನಡುವೆ ಗುಳಿ ಉಳಿಯುತ್ತದೆ. ಆ ಗುಳಿಯಲ್ಲಿ ನೀರು ನಿಂತಿರುತ್ತದೆ. ಆಮೇಲೆ ಹರಳು ತಳ ಸೇರಿ, ದಪ್ಪಗಾಗುತ್ತ, ಗುಳಿಗಳ ಬಾಯಿ ಮುಚ್ಚುತ್ತದೆ. ನೀರು ಒಳಗೇ ಉಳಿಯುತ್ತದೆ, ಕಣ್ಣಿಗೆ ಕಾಣದಷ್ಟು ಸಣ್ಣ ಕೋಣೆಗಳಲ್ಲಿ. ಹರಳುಪ್ಪು ಗಾಜಿನಂತಿರದೆ ಹಾಲುಬಿಳುಪಾಗಿ ಕಾಣುವುದು ಈ ಸಾವಿರಾರು ಕೋಣೆಗಳಿಂದಲೇ. ಭೂವಿಜ್ಞಾನಿಗಳು ಹಳೆಯ ಉಪ್ಪಿನ ಪದರಗಳಲ್ಲಿ ಇಂಥ ಹನಿಗಳನ್ನು ಹುಡುಕಿ, ಕೋಟ್ಯಂತರ ವರ್ಷಗಳ ಹಿಂದಿನ ಸಮುದ್ರದ ನೀರು ಹೇಗಿತ್ತು ಎಂದು ತಿಳಿಯುತ್ತಾರೆ.

ಕೆಂಡಕ್ಕೆ ಬಿದ್ದರೆ? ಉಪ್ಪು ಕರಗಬೇಕಾದರೆ 801 ಡಿಗ್ರಿ ಸೆಲ್ಸಿಯಸ್ ಬಿಸಿ ಬೇಕು. ಒಳಗಿನ ನೀರು ಅದಕ್ಕಿಂತ ಎಷ್ಟೋ ಮೊದಲೇ ಆವಿಯಾಗಲು ಹೊರಡುತ್ತದೆ. ಹೊರಗೆ ಹೋಗಲು ದಾರಿ ಇಲ್ಲ. ಗೋಡೆ ಸಿಡಿಯುತ್ತದೆ. ಚಟ್! ಪ್ಯಾಕೆಟ್ಟಿನ ಪುಡಿಯಲ್ಲಿ ಅಂಥ ಕೋಣೆಗಳು ಇಲ್ಲವೆನ್ನುವಷ್ಟು ಕಡಿಮೆ.

"ಹಾಗಾದ್ರೆ ಮಳೆಗಾಲದಲ್ಲಿ ಉಪ್ಪು ನೀರೊಡೆಯೋದು ಇದೇ ನೀರಾ ಮಾವ?" ಎಂದಳು. ಅಲ್ಲ, ಅದು ಬೇರೆ ನೀರು. ಗಾಳಿಯ ತೇವ ಶೇಕಡಾ 75 ದಾಟಿದರೆ ಶುದ್ಧ ಉಪ್ಪು ಕೂಡ ಗಾಳಿಯಿಂದಲೇ ನೀರೆಳೆದು ಒದ್ದೆಯಾಗುತ್ತದೆ. ಅಜ್ಜ ಚೆಲ್ಲಿದ ಮೆಗ್ನೀಸಿಯಂ ಕ್ಲೋರೈಡಿಗೆ ಬರೀ 33 ಸಾಕು, ಅದು ಸ್ವಲ್ಪ ಉಳಿದುಕೊಂಡ ಉಪ್ಪು ಚಳಿಗಾಲದಲ್ಲೂ ಬೆವರುತ್ತದೆ. ನಮ್ಮ ಹಿರಿಯರು ಉಪ್ಪಿನ ಮರಿಗೆಯನ್ನು ಒಲೆಯ ಪಕ್ಕ ಇಟ್ಟದ್ದು ಈ ಹೊರಗಿನ ನೀರಿಗಾಗಿ. ಒಳಗಿನ ನೀರಿಗೆ ಒಲೆಯ ಪಕ್ಕದ ಬಿಸಿ ಏನೂ ಮಾಡದು, ಎಷ್ಟು ವರ್ಷ ಇಟ್ಟರೂ ಅದು ಅಲ್ಲೇ ಇರುತ್ತದೆ.

ಅಪ್ಪೆಮಿಡಿಗೆಂದು ಐದು ಕಿಲೋ ಹರಳುಪ್ಪು ಕೊಂಡು ಸಂಜೆ ಘಟ್ಟ ಹತ್ತಿದೆವು. ರಾತ್ರಿ ಊಟವಾದ ಮೇಲೆ ಬಚ್ಚಲೊಲೆಯ ಕೆಂಡವನ್ನು ಮುಂದಕ್ಕೆಳೆದು, ಹುಡುಗಿಯನ್ನು ದೂರ ನಿಲ್ಲಿಸಿ, ಮೊದಲು ಪುಡಿ ಉಪ್ಪು ಹಾಕಿಸಿದೆ. ಹಳದಿ ಜ್ವಾಲೆ ಎದ್ದಿತು, ಅಷ್ಟೇ. ಆಮೇಲೆ ಸಾಣಿಕಟ್ಟಾದ ಹರಳು. ಬಚ್ಚಲು ತುಂಬ ಪಟಪಟ ಸದ್ದು.

ಒಳಗಿನಿಂದ ಆಯಿ ಕೂಗಿ ಕೇಳಿದಳು, "ಯಾರಿಗೆ ತೆಗೀತಾ ಇದ್ರಿ?"

"ಯಾರಿಗೂ ಅಲ್ಲ ಅಜ್ಜಿ, ಹಿನ್ನೀರಿನ ನೀರು ಹೊರಗೆ ಬರ್ತಾ ಇದೆ!"

ಆಯಿ ಗೋಡೆ ಹಿಡಿದುಕೊಂಡು ಬಚ್ಚಲ ಬಾಗಿಲಿಗೆ ಬಂದಳು. ಮೊಮ್ಮಗಳು ಹೇಳಿದ್ದನ್ನೆಲ್ಲ ಕೇಳಿದಳು. ಒಂದು ಹರಳನ್ನು ದೀಪಕ್ಕೆ ಹಿಡಿದು ಬಹಳ ಹೊತ್ತು ನೋಡಿದಳು. ಆಮೇಲೆ ಕೈಯಲ್ಲಿದ್ದದ್ದನ್ನು, ಯಾರಿಗೂ ನಿವಾಳಿಸದೆ, ಕೆಂಡಕ್ಕೆ ಹಾಕಿ ಕಿವಿಗೊಟ್ಟಳು.