ಪೆರೋಲ್ ವಿಸ್ತರಣೆಯ ಅರ್ಜಿಗೆ ಉತ್ತರವೇ ಬಾರದಿದ್ದರೆ ಕೋರ್ಟಿಗೆ ಹೋಗಬಹುದೇ?

ಪ್ರಶ್ನೆ: ಬಳ್ಳಾರಿ ಕೇಂದ್ರ ಕಾರಾಗೃಹದಲ್ಲಿ ಜೀವಾವಧಿ ಶಿಕ್ಷೆ ಅನುಭವಿಸುತ್ತಿರುವ ನಮ್ಮ ಅಣ್ಣ, ತಾಯಿಯ ಶಸ್ತ್ರಚಿಕಿತ್ಸೆಗೆಂದು ಪೆರೋಲ್ ಮೇಲೆ ಊರಿಗೆ ಬಂದಿದ್ದಾನೆ. ತಾಯಿ ಇನ್ನೂ ಹಾಸಿಗೆ ಹಿಡಿದಿದ್ದಾರೆ. ವಿಸ್ತರಣೆಗೆ ಅರ್ಜಿ ಕೊಟ್ಟು ಹತ್ತು ದಿನವಾದರೂ ಉತ್ತರವಿಲ್ಲ, ಅವಧಿ ಮುಗಿಯಲು ನಾಲ್ಕೇ ದಿನ ಉಳಿದಿದೆ. ಅವನು ವಾಪಸು ಹೋಗಲೇಬೇಕೇ? ಕೋರ್ಟು ನಮ್ಮ ಮಾತು ಕೇಳುತ್ತದೆಯೇ? (ಕೊಪ್ಪಳ ಜಿಲ್ಲೆಯ ಓದುಗರು)

ಉತ್ತರ: ವಿಸ್ತರಣೆಯ ಆದೇಶ ಕೈಗೆ ಬಾರದಿದ್ದರೆ ನಿಮ್ಮ ಅಣ್ಣ ನಿಗದಿತ ದಿನ ಜೈಲಿಗೆ ಹಾಜರಾಗಲೇಬೇಕು. ಅರ್ಜಿ ಬಾಕಿ ಇದೆ ಎಂಬ ಮಾತ್ರಕ್ಕೆ ಅವಧಿ ತಾನಾಗಿ ಮುಂದೆ ಹೋಗುವುದಿಲ್ಲ. ಒಂದು ದಿನ ತಡವಾದರೂ ಅದು ಅವನ ದಾಖಲೆಯಲ್ಲಿ ಉಳಿದು, ಮುಂದಿನ ಪೆರೋಲಿಗೂ ಅವಧಿಪೂರ್ವ ಬಿಡುಗಡೆಗೂ ಅಡ್ಡಿಯಾಗಬಲ್ಲದು. ಇದನ್ನು ಕಠಿಣವಾಗಿ ಹೇಳುತ್ತಿರುವುದಕ್ಕೆ ಕಾರಣವಿದೆ: "ಅರ್ಜಿ ಹಾಕಿದ್ದೇವಲ್ಲ" ಎಂಬ ಧೈರ್ಯದ ಮೇಲೆ ಊರಲ್ಲೇ ಉಳಿದರೆ, ನ್ಯಾಯ ತಮ್ಮ ಕಡೆಗಿದ್ದವರೂ ತಪ್ಪಿತಸ್ಥರ ಸ್ಥಾನದಲ್ಲಿ ನಿಲ್ಲಬೇಕಾಗುತ್ತದೆ.

ಆದರೆ ಅರ್ಜಿಗೆ ಉತ್ತರವನ್ನೇ ಕೊಡದೆ ಕೂರುವ ಅಧಿಕಾರ ಯಾರಿಗೂ ಇಲ್ಲ. ಪೆರೋಲ್ ಕೈದಿಯ ನಿರಪೇಕ್ಷ ಹಕ್ಕಲ್ಲ ಎಂಬುದು ನಿಜವಾದರೂ, ತನ್ನ ಅರ್ಜಿಯನ್ನು ನ್ಯಾಯಯುತವಾಗಿ, ಸಕಾಲದಲ್ಲಿ, ಕಾರಣ ಸಹಿತ ಪರಿಶೀಲಿಸಬೇಕೆಂದು ಕೇಳುವ ಹಕ್ಕು ಸಂವಿಧಾನದ 14 (ಸಮಾನತೆ) ಮತ್ತು 21ನೇ (ಜೀವ ಹಾಗೂ ವೈಯಕ್ತಿಕ ಸ್ವಾತಂತ್ರ್ಯ) ವಿಧಿಗಳಿಂದ ಅವನಿಗೆ ಬಂದಿದೆ. ಜೈಲಿನ ಬಾಗಿಲು ದಾಟಿದ ಮಾತ್ರಕ್ಕೆ ಮೂಲಭೂತ ಹಕ್ಕುಗಳು ಹೊರಗೆ ಉಳಿಯುವುದಿಲ್ಲ ಎಂಬುದನ್ನು ಸುಪ್ರೀಂ ಕೋರ್ಟು ಸುನಿಲ್ ಬಾತ್ರಾ ಪ್ರಕರಣದಲ್ಲಿ, 1978ರಲ್ಲೇ ಸ್ಪಷ್ಟಪಡಿಸಿದೆ. 2017ರ ಅಸ್ಫಾಕ್ ಪ್ರಕರಣದಲ್ಲಿ ಅದೇ ನ್ಯಾಯಾಲಯ, ಕುಟುಂಬದೊಂದಿಗಿನ ನಂಟು ಕಡಿದುಹೋಗದಂತೆ ನೋಡಿಕೊಳ್ಳುವುದೂ ಪೆರೋಲಿನ ಉದ್ದೇಶ ಎಂದು ವಿವರಿಸಿತು.

ನಿಮ್ಮ ದಾರಿ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ, ಅಂದರೆ ಅಧಿಕಾರಿಗಳಿಗೆ ಆದೇಶ ನೀಡುವಂತೆ ಕೋರುವ ಅರ್ಜಿ. ಬಳ್ಳಾರಿ, ಕೊಪ್ಪಳ ಜಿಲ್ಲೆಗಳು ಧಾರವಾಡ ಪೀಠಕ್ಕೆ ಸೇರುತ್ತವೆ, ರಾಯಚೂರು ಕಲಬುರಗಿ ಪೀಠಕ್ಕೆ. ನ್ಯಾಯಾಲಯ ಸಾಮಾನ್ಯವಾಗಿ ತಾನೇ ಜೈಲು ಅಧೀಕ್ಷಕರ ಕುರ್ಚಿಯಲ್ಲಿ ಕುಳಿತು ದಿನ ಎಣಿಸಿ ಕೊಡುವುದಿಲ್ಲ. ಉತ್ತರ ಬಾರದಿದ್ದರೆ ಇಂತಿಷ್ಟು ದಿನದೊಳಗೆ ತೀರ್ಮಾನಿಸಿ ಎಂದು ನಿರ್ದೇಶಿಸುತ್ತದೆ, ನಿರಾಕರಣೆ ಬಂದಿದ್ದರೆ ಅದರ ಕಾರಣಗಳನ್ನು ಪರೀಕ್ಷಿಸುತ್ತದೆ. ಇಲ್ಲಿ ನಿರ್ಣಾಯಕವಾಗುವುದು ಕೈದಿಯನ್ನು ಹೊರಗೆ ಬಿಡಬಹುದೇ ಎಂಬ ಬಗ್ಗೆ ಪೊಲೀಸರು ಕೊಡುವ ವರದಿ. "ಶಾಂತಿಭಂಗವಾಗುವ ಸಂಭವವಿದೆ" ಎಂಬ ಒಂದೇ ಸಾಲು, ಯಾರಿಂದ, ಏಕೆ ಎಂಬ ವಿವರವಿಲ್ಲದೆ ವರದಿಯಿಂದ ಹಿಂಬರಹಕ್ಕೆ (ಅರ್ಜಿ ನಿರಾಕರಿಸಿ ಕೊಡುವ ಲಿಖಿತ ಉತ್ತರಕ್ಕೆ) ನಕಲಾಗಿ ಬಂದಿದ್ದರೆ, ಅದನ್ನು ಪ್ರಶ್ನಿಸಲು ನಿಮಗೆ ಗಟ್ಟಿ ನೆಲೆ ಇದೆ. ಆದೇಶದಲ್ಲಿ ಇಲ್ಲದ ಕಾರಣಗಳನ್ನು ಆಮೇಲೆ ಕೋರ್ಟಿಗೆ ಸಲ್ಲಿಸುವ ಅಫಿಡವಿಟ್ ಮೂಲಕ ತುಂಬುವಂತಿಲ್ಲ ಎಂಬುದು ಸುಪ್ರೀಂ ಕೋರ್ಟಿನ 1977ರ ಮೊಹಿಂದರ್ ಸಿಂಗ್ ಗಿಲ್ ತೀರ್ಪಿನಿಂದ ನೆಲೆಯೂರಿದ ನಿಯಮ.

ನ್ಯಾಯಾಲಯ ನೇರವಾಗಿ ಪೆರೋಲ್ ಕೊಡಿಸಿದ್ದೂ ಉಂಟು. 2024ರ ಕೊನೆಯಲ್ಲಿ ಕರ್ನಾಟಕ ಹೈಕೋರ್ಟು, ಪೊಲೀಸ್ ವರದಿಯ ಆಧಾರದ ಮೇಲೆ ನಿರಾಕರಿಸಲ್ಪಟ್ಟಿದ್ದ, ಹನ್ನೊಂದು ವರ್ಷಕ್ಕೂ ಹೆಚ್ಚು ಕಾಲ ಜೈಲಿನಲ್ಲಿದ್ದ ರಾಮನಗರ ಕಡೆಯ ಕೈದಿಯೊಬ್ಬನಿಗೆ ಹೊಲದ ಕೆಲಸ ನೋಡಿಕೊಳ್ಳಲು 90 ದಿನಗಳ ಪೆರೋಲ್ ನೀಡಿತು. ಕಾಲುವೆಗೆ ನೀರು ಬಿಟ್ಟ ವಾರದಲ್ಲಿ ನಾಟಿ ತಪ್ಪಿದರೆ ಇಡೀ ಬೆಳೆ ತಪ್ಪಿತೆಂದೇ ಬಲ್ಲ ನಮ್ಮ ತುಂಗಭದ್ರಾ ಸೀಮೆಯವರಿಗೆ ಆ ಆದೇಶದ ತೂಕವನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನೊಂದು ಲೆಕ್ಕವನ್ನೂ ಮನಸ್ಸಿನಲ್ಲಿಡಿ. ಹೊರಗಿದ್ದ ಪೆರೋಲ್ ದಿನಗಳನ್ನು ಅವಧಿಪೂರ್ವ ಬಿಡುಗಡೆಗೆ ಬೇಕಾದ 14 ವರ್ಷಗಳ ವಾಸ್ತವ ಸೆರೆವಾಸದಲ್ಲಿ ಸೇರಿಸುವಂತಿಲ್ಲ ಎಂದು ಗೋವಾದ ಕೈದಿಗಳ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2023ರ ಜನವರಿಯಲ್ಲಿ ಹೇಳಿದೆ. ಹಾಗಾಗಿ ತಾಯಿಗೆ ನಿಜವಾಗಿ ಎಷ್ಟು ದಿನ ಆಸರೆ ಬೇಕೋ ಅಷ್ಟನ್ನೇ ಕೇಳುವುದು ಲೇಸು.

ವಕೀಲರ ಖರ್ಚಿಗೆ ಹೆದರಬೇಡಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಅಧಿನಿಯಮದ 12ನೇ ಕಲಮಿನ ಪ್ರಕಾರ ಬಂಧನದಲ್ಲಿರುವವರಿಗೆ ಉಚಿತ ಕಾನೂನು ನೆರವು ಸಿಗುತ್ತದೆ. ಕೊಪ್ಪಳದ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿಗೆ ನಾಳೆಯೇ ಹೋಗಿ. ವೈದ್ಯರು ದಿನಾಂಕ, ಸಹಿ, ಮೊಹರಿನೊಂದಿಗೆ ಕೊಟ್ಟ ಪ್ರಮಾಣಪತ್ರ, ಮನೆಯಲ್ಲಿ ನೋಡಿಕೊಳ್ಳುವವರು ಬೇರೆ ಯಾರಿಲ್ಲವೆಂಬ ವಿವರ ಮತ್ತು ವಿಸ್ತರಣೆಯ ಅರ್ಜಿಯ ಪ್ರತಿ ಜೊತೆಗಿರಲಿ. ಆ ಪ್ರತಿಯ ಮೇಲೆ ಜೈಲು ಕಚೇರಿಯ ಸ್ವೀಕೃತಿ ಮುದ್ರೆ ಬಿದ್ದಿಲ್ಲವಾದರೆ ಮೊದಲು ಅದನ್ನು ಹಾಕಿಸಿಕೊಂಡು ಬನ್ನಿ, ಏಕೆಂದರೆ ಹತ್ತು ದಿನ ಉತ್ತರ ಬರಲಿಲ್ಲ ಎಂಬುದಕ್ಕೆ ನಿಮ್ಮ ಬಳಿ ಇರುವ ಸಾಕ್ಷಿ ಅದೊಂದೇ.